ಪ್ರಾಂಪ್ಟರ್ ಚಿಕ್ಕಪ್ಪನ ದನಿ

"ಅಕ್ಕಾ, ಬೈಬೇಡಿ. ಇದ್ರಲ್ಲಿ ಒಂದು ಮಾತೂ ಪೂರ್ತಿ ಅವರದ್ದಿಲ್ಲ," ಎನ್ನುತ್ತಾ ಎಡಿಟರ್ ಹುಡುಗಿ ಹೆಡ್‌ಫೋನನ್ನು ನನ್ನ ಕೈಗಿಟ್ಟಳು.

ಮೊನ್ನೆ ಚಿತ್ರೀಕರಿಸಿದ ಸಂದರ್ಶನ. ಕೇಳಿದೆ. ಚಿಕ್ಕಪ್ಪ ಏನೋ ಶುರುಮಾಡುತ್ತಾರೆ, ಉಸಿರಿಗೆಂದು ನಿಲ್ಲುತ್ತಾರೆ. ಅಷ್ಟರಲ್ಲಿ ನನ್ನ ದನಿ, ಕೊನೆಯ ಸಾಲಿನ ಕುರ್ಚಿಗೂ ಮುಟ್ಟುವಂಥದ್ದು, ಉಳಿದದ್ದನ್ನು ಹೇಳಿ ಮುಗಿಸುತ್ತದೆ. "ಹೂಂ, ಅದೇ," ಎನ್ನುತ್ತಾರೆ ಅವರು. ಉದ್ದಕ್ಕೂ ಹೀಗೆಯೇ. ರಂಗದ ಮೇಲೆ ಎದುರಿನವರು ತಡವರಿಸಿದರೆ ನಾವು ಮಾತು ಎತ್ತಿಕೊಡಬೇಕು; ಮೌನ ಬಿದ್ದರೆ ನಾಟಕವೇ ಬಿದ್ದಂತೆ. ಮಂಡಿ ಸವೆದು ರಂಗ ಬಿಟ್ಟು ಕ್ಯಾಮೆರಾ ಹಿಡಿದಿದ್ದೆ, ನಾಲಿಗೆಗೆ ಮಾತ್ರ ಅದು ತಿಳಿದಿರಲಿಲ್ಲ.

ಆ ಪಾಠ ಕಲಿಸಿದ್ದೂ ಚಿಕ್ಕಪ್ಪನೇ. ನಮ್ಮ ನಾಟಕ ಕಂಪನಿಯ ಪ್ರಾಂಪ್ಟರ್ ಅವರು. ಪರದೆಯ ಮರೆಯಲ್ಲಿ ಕುಳಿತು, ಮರೆತವರಿಗೆ ಮಾತು ಪಿಸುಗುಟ್ಟುವವರು. ಪ್ರೇಕ್ಷಕರು ಒಬ್ಬರೂ ಕೇಳದ ಆ ದನಿಯನ್ನು ನನ್ನ ಮೊದಲ ಸಾಕ್ಷ್ಯಚಿತ್ರದಲ್ಲಿ ಕೇಳಿಸಬೇಕೆಂದಿದ್ದೆ. ನಾಳೆ ಆಸ್ಪತ್ರೆಯಲ್ಲಿ ಅವರ ಧ್ವನಿಪೆಟ್ಟಿಗೆಯನ್ನು ತೆಗೆಯುತ್ತಾರೆ.

ಕ್ಯಾಮೆರಾ ಹೊತ್ತು ಅವರ ಮನೆಯ ಮೆಟ್ಟಿಲು ಹತ್ತುವಾಗ ಎರಡು ಸಲ ನಿಂತೆ. ನೋವಿಗಲ್ಲ. ದಣಿದ ಮನುಷ್ಯನನ್ನು ನನ್ನ ಚಿತ್ರಕ್ಕಾಗಿ ಮತ್ತೆ ಕೂರಿಸಬಹುದೇ ಎಂದು.

"ಮತ್ತೆ ಬಂದ್ಯಾ ತಾಯಿ?" ಎಂದರು ಚಿಕ್ಕಮ್ಮ ಬಾಗಿಲಲ್ಲೇ. "ಮಾತಾಡಿಸ್ಬೇಡಿ ಅಂದಿದಾರೆ ಡಾಕ್ಟ್ರು."

"ಒಂದೇ ಸಲ ಚಿಕ್ಕಮ್ಮ. ಮೊನ್ನೆ ನಡುನಡುವೆ ನಾನೇ ಬಾಯಿ ಹಾಕಿ ಕೆಡಿಸ್ಬಿಟ್ಟಿದೀನಿ."

ಒಳಗಿನಿಂದ ಚಿಕ್ಕಪ್ಪನ ಒಡಕು ದನಿ: "ಬಿಡೇ ಅವಳನ್ನ. ನಾಟಕದಲ್ಲಿ ತನ್ನ ಮಾತೇ ಮರೀತಿದ್ಲು. ಈಗ ನನ್ನ ಮಾತೂ ಬಾಯಿಪಾಠ!"

ಕಿಟಕಿಯ ಪಕ್ಕ ಕೂರಿಸಿ ಕ್ಯಾಮೆರಾ ಚಾಲೂ ಮಾಡಿದೆ. ಚಿಕ್ಕಮ್ಮ ಅಡುಗೆಮನೆಗೆ ಹೋದರು.

"ನಿಮಗೆ ತೋಚಿದ್ದು ಹೇಳಿ ಚಿಕ್ಕಪ್ಪ."

ಬಾಯಿ ತೆರೆದರು. ನಿಂತರು. ಪರದೆಯ ಮರೆಯ ಕತ್ತಲು, ನಾಟಕದ ಪ್ರತಿಯ ಮೇಲೆ ಬೀಳುತ್ತಿದ್ದ ಟಾರ್ಚಿನ ಬೆಳಕು, ಎಲ್ಲ ನನ್ನ ನಾಲಿಗೆಯ ತುದಿಗೆ ಬಂದು ನಿಂತಿತು. ತುಟಿ ಕಚ್ಚಿಕೊಂಡೆ. ಅವರು ನನ್ನನ್ನೇ ನೋಡಿದರು, ನಾನು ಎತ್ತಿಕೊಡುವೆನೆಂದು. ಕೊಡಲಿಲ್ಲ. ಹಾಗೆ ಸುಮ್ಮನಿರುವುದು ಇಷ್ಟು ಸುಸ್ತಿನ ಕೆಲಸವೆಂದು ಗೊತ್ತಿರಲಿಲ್ಲ.

ಕೊನೆಗೆ ಅವರೇ, "ನಾಳೆ ಆದ್ಮೇಲೆ... ನಿಮ್ಮ ಚಿಕ್ಕಮ್ಮನ್ನ ಹೇಗೆ ಕರೀಲಿ ಅಂತ ಯೋಚ್ನೆ ಕಣಮ್ಮ. ಚಪ್ಪಾಳೆ ತಟ್ಟಿ ಕರೆದ್ರೆ ಸೌಟು ತಗೊಂಡೇ ಬರ್ತಾಳೆ," ಎಂದರು.

ಅಡುಗೆಮನೆಯಿಂದ ಕೇಳಿಸಿತು: "ಕರೆದ್ರಾ?"

"ಇಲ್ಲ ಕಣೇ. ದೂರು ಹೇಳ್ತಿದ್ದೆ."

ಚಿಕ್ಕಮ್ಮ ಕೈ ಒರೆಸಿಕೊಳ್ಳುತ್ತಾ ಬಂದು ಲೆನ್ಸಿಗೆ ಅಡ್ಡವಾಗಿಯೇ ನಿಂತರು. ಚೌಕಟ್ಟಿನ ತುಂಬ ಅವರ ಬೆನ್ನು. ಸ್ವಲ್ಪ ಪಕ್ಕಕ್ಕೆ ಬನ್ನಿ ಎನ್ನಬಹುದಿತ್ತು. ಎನ್ನಲಿಲ್ಲ.

ಆ ಬೆನ್ನಿನಾಚೆ ಚಿಕ್ಕಪ್ಪ ಹೆಂಡತಿಯ ಹೆಸರು ಹಿಡಿದು ಕರೆದರು. ಎದುರಿಗೇ ಇದ್ದವರನ್ನು. ಚಿಕ್ಕಮ್ಮ "ಹಾಂ" ಎನ್ನಲಿಲ್ಲ, ಇನ್ನೊಮ್ಮೆ ಕರೆಯಲಿ ಎಂಬಂತೆ ನಿಂತೇ ಇದ್ದರು.