ಹಿಮ್ಮಡಿ ಮೂಳೆ

ತಂಗಿಯ ಮಗಳು ಚಿಮಟದಲ್ಲಿ ಹಿಮ್ಮಡಿ ಮೂಳೆಯನ್ನೆತ್ತಿ ದವಡೆಯ ಪಕ್ಕದಲ್ಲಿಟ್ಟು, ಎರಡೂ ಒಂದೇ ಪ್ರಾಣಿಯವು, ತನ್ನ ವಾದವೆಲ್ಲ ಇದರ ಮೇಲೆಯೇ ನಿಂತಿದೆ ಎಂದಾಗ ಮಾವ ಬಗ್ಗಿ ಮೂಳೆಯ ಮೇಲೆ ಬರೆದಿದ್ದ ನಂಬರನ್ನು ನೋಡಿದರು. ಆ ಸಂಗ್ರಹಾಲಯದಲ್ಲಿ ಮೂವತ್ತೊಂದು ವರ್ಷದಿಂದ ಕಲ್ಲಿನೊಳಗಿನ ಮೂಳೆ ಬಿಡಿಸುತ್ತಿದ್ದವರು ಅವರು. ಅವಳು ಅಲ್ಲಿಯ ವಿಜ್ಞಾನಿ. ಗೇಟಿನೊಳಗೆ ಅವರಿಗೆ ಅವಳು ಮೇಡಂ, ಗೇಟು ದಾಟಿದರೆ ಕೂಸು.

ಗರ್ಭದಲ್ಲೇ ಮರಿ ಬೆಳೆಸಿ ಹೆರುವ ಪ್ರಾಣಿಗಳು ಭೂಮಿಗೆ ಹೊಸದಾಗಿದ್ದ ಕಾಲದಲ್ಲಿ ಬದುಕಿ, ಹೇಳಹೆಸರಿಲ್ಲದಂತೆ ಅಳಿದುಹೋದ ಪುಟ್ಟ ಜೀವಿಗಳ ಗುಂಪೊಂದಿತ್ತು. ಹಲ್ಲು ನೋಡಿದವರು ಹುಳ ತಿನ್ನುವ ಪ್ರಾಣಿಗಳ ನೆಂಟರೆಂದಿದ್ದರು. ಇವಳು ಮೂರು ವರ್ಷ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ನೋಡಿ, ಅಲ್ಲ, ಗೊರಸಿನ ಪ್ರಾಣಿಗಳ ವಂಶ ಎಂದಿದ್ದಳು. ಅರ್ಧ ಗಂಟೆಯಲ್ಲಿ ಪರೀಕ್ಷಕರು ಬರುವವರಿದ್ದರು. ಅವರು ಹೂಂ ಅಂದರೆ ಅವಳ ಕೆಲಸ ಕಾಯಂ.

ವಾದವೆಲ್ಲ ಹಲ್ಲಿನ ಮೇಲಿದೆಯೆಂದೇ ಮಾವ ಇವತ್ತಿನವರೆಗೆ ತಿಳಿದಿದ್ದರು. ಕೆಲಸಕ್ಕೆ ಸೇರಿದ ವರ್ಷ ಅವರ ಕೈಯಿಂದ ಎರಡು ಟ್ರೇ ಜಾರಿ, ಬೇರೆ ಬೇರೆ ಕಲ್ಲಿನ ಮೂಳೆಗಳು ನೆಲದಲ್ಲಿ ಬೆರೆತುಹೋಗಿದ್ದವು; ಈ ಹಿಮ್ಮಡಿಯೂ ಈ ದವಡೆಯೂ ಅವುಗಳಲ್ಲಿದ್ದವು. ಕೆಲಸ ಹೋದೀತೆಂಬ ಹೆದರಿಕೆಗೆ ಬಣ್ಣ, ಗಾತ್ರ ನೋಡಿ ಅಂದಾಜಿನಲ್ಲಿ ಹಂಚಿ, ನಂಬರ್ ಬರೆದು ಬಾಯಿ ಮುಚ್ಚಿಕೊಂಡಿದ್ದರು. ಬೋಳು ತಲೆಗೂ ಮೊಣಕಾಲಿಗೂ ಗಂಟು ಹಾಕಿದವರು ತಾವೇ ಇರಬಹುದು. ಈಗಲೂ ಸುಮ್ಮನಿದ್ದರೆ ಕೇಳುವವರು ಯಾರೂ ಇರಲಿಲ್ಲ.

“ನಂಬರ್ ನಿಮ್ಮ ಅಕ್ಷರದಲ್ಲೇ ಇದೆಯಲ್ಲ ಮಾವ, ಇನ್ನೇನು ಭಯ,” ಎಂದು ಅವಳು ನಕ್ಕಳು.

ಅವಳ ಆ ನಂಬಿಕೆಯ ನಗುವನ್ನು ಅವರಿಗೆ ಸಹಿಸಲಾಗಲಿಲ್ಲ. “ಕೂಸೇ,” ಎಂದರು. ಅವಳು ತಟ್ಟನೆ ತಿರುಗಿದಳು. “ಆ ಮೂಳೆ ಈ ದವಡೇದು ಹೌದೋ ಅಲ್ವೋ ನಂಗೊತ್ತಿಲ್ಲ. ಎರಡು ಟ್ರೇ ಬೀಳಿಸಿಬಿಟ್ಟಿದ್ದೆ. ಊಹೆ ಮೇಲೆ ನಂಬರ್ ಬರೆದೆ.”

ಅವಳು ಕುರ್ಚಿಯ ಬೆನ್ನನ್ನು ಬಿಗಿಯಾಗಿ ಹಿಡಿದುಕೊಂಡಳು. ಬೈದಿದ್ದರೆ ಅವರಿಗೆ ಎಷ್ಟೋ ಹಾಯೆನಿಸುತ್ತಿತ್ತು.

“ಮೊನ್ನೆನಾದ್ರೂ ಹೇಳಬಹುದಿತ್ತಲ್ಲ.”

“ಮೊನ್ನೆ ನಂಗೆ ಗೊತ್ತಿರ್ಲಿಲ್ಲ, ಇದ್ರ ಮೇಲೇ ನಿಂತಿದೆ ಅಂತ.”

“ಮೂವತ್ತೊಂದು ವರ್ಷದಲ್ಲಿ ಒಂದು ದಿನಾನೂ ಸಿಗ್ಲಿಲ್ವಾ ಮಾವ?”

ಹೊರಗೆ ಬೂಟುಗಳ ಸದ್ದು ಹತ್ತಿರವಾಯಿತು. ಅವಳು ಒಮ್ಮೆ ಮೂಳೆಯನ್ನು, ಒಮ್ಮೆ ಬಾಗಿಲನ್ನು ನೋಡಿದಳು. ಅವಳು ಏನೂ ಹೇಳದಿದ್ದರೆ ತಾವೂ ಸುಮ್ಮನಿದ್ದುಬಿಡುತ್ತೇವೆಂದು ಅವರಿಗೆ ಗೊತ್ತಿತ್ತು.

ಅವಳೇ ಹೋಗಿ ಬಾಗಿಲು ತೆರೆದಳು. ಪರೀಕ್ಷಕರು ಒಳಗೆ ಬಂದು ಮೇಜಿನ ಸುತ್ತ ನಿಂತರು. ಅವಳು ತನ್ನ ಕುರ್ಚಿಯನ್ನು ಮಾವನ ಹಿಂದಕ್ಕೆ ಎಳೆದಿಟ್ಟಳು.

“ಮೊದಲು ಇವರ ಮಾತು ಕೇಳಿ,” ಎಂದು ನೋಟ್‌ಬುಕ್ ತೆರೆದಳು. ತಾರೀಖು ಬರೆಯುವಾಗ ಪೆನ್ನಿನ ಮೊನೆಗೆ ಕಾಗದ ಹರಿಯಿತು. ಅವಳು ಹಾಳೆ ತಿರುಗಿಸಿ ಮತ್ತೆ ಬರೆದಳು. ಮಾವ ಕುರ್ಚಿಯ ತುದಿಯಲ್ಲಿ ಕೂತು, ಟ್ರೇ ಬಿದ್ದದ್ದು ಯಾವ ವರ್ಷವೆಂದು ಹೇಳಲು ಬಾಯಿ ತೆರೆದರು.