ಎರಡು ಸಲ ಅಳಿಸಿದ ಬಸ್ಸು

ಚಿಕ್ಕಮ್ಮನ ಕಸೂತಿ ಅಂಗಡಿಯ ಕಂಪ್ಯೂಟರು ಬೆಳಗ್ಗೆ ಹನ್ನೊಂದರ ಹೊತ್ತಿಗೆ ಹಟ ಹಿಡಿದು ಕೂತಿತು. ನರ್ಸಿಂಗ್ ಕಾಲೇಜಿನ ಲಾಂಛನವನ್ನು ತೆರೆದು ತೋರಿಸುತ್ತದೆ, ಅಳತೆ ತಿದ್ದಲೂ ಬಿಡುತ್ತದೆ, ಸೇವ್ ಮಾಡಹೋದರೆ ಮಾತ್ರ ಡಿಸ್ಕ್ ತುಂಬಿದೆ ಎನ್ನುತ್ತದೆ. ಸೇವ್ ಆಗದ ಡಿಸೈನು ಹೊಲಿಗೆ ಮಷೀನಿಗೆ ಹೋಗುವುದಿಲ್ಲ. ಸಮವಸ್ತ್ರದ ನಲವತ್ತೆಂಟು ಜೇಬುಗಳು ಮೇಜಿನ ಮೇಲೆ ಕಾಯುತ್ತಿದ್ದವು. ಬಟ್ಟೆ ಬಿಗಿಯುವ ಒಂದು ಫ್ರೇಮಿಗೆ ಆರು ಜೇಬು, ಒಂದು ಫ್ರೇಮು ಮುಗಿಯಲು ಇಪ್ಪತ್ತೈದು ನಿಮಿಷ. ಸಂಜೆ ಐದಕ್ಕೆ ಕಾಲೇಜಿನ ವ್ಯಾನು ಬಂದು ನಿಲ್ಲುತ್ತದೆ. ಒಂದೂವರೆಗೆ ಸೂಜಿ ಓಡದಿದ್ದರೆ ಮರ್ಯಾದೆ ಓಡುತ್ತದೆ ಎಂದು ಲೆಕ್ಕ ಹಾಕಿದ ಚಿಕ್ಕಮ್ಮ, ಎರಡು ಬೀದಿ ಆಚೆ ಇದ್ದ ಅಕ್ಕನ ಮಗಳಿಗೆ ಫೋನ್ ಮಾಡಿದಳು.

ಅಕ್ಕನ ಮಗಳು ಡಿಗ್ರಿ ಮುಗಿಸಿ ಮನೆಯಲ್ಲಿದ್ದಳು. ಅವಳಿಗೆ ಕಂಪ್ಯೂಟರ್ ಗೊತ್ತು ಎಂದು ನೆಂಟರಲ್ಲೆಲ್ಲ ಹೆಸರಾಗಿತ್ತು. ಹೆಸರು ಬಂದದ್ದು, ಒಮ್ಮೆ ಯಾರದೋ ಪ್ರಿಂಟರಿನಲ್ಲಿ ಸಿಕ್ಕಿಕೊಂಡ ಕಾಗದವನ್ನು ಎಳೆದು ಕೊಟ್ಟಿದ್ದಕ್ಕೆ. ಇಲ್ಲ, ನನಗೆ ಅಷ್ಟೆಲ್ಲ ಬರುವುದಿಲ್ಲ ಎನ್ನಲು ಬಾಯಿ ತೆರೆಯಬೇಕಾಗುತ್ತಿತ್ತು. ಬಾಯಿ ತೆರೆಯುವುದಕ್ಕಿಂತ ಕಲಿಯುವುದೇ ಸುಲಭವೆಂದು ಅವಳು ನಿಜವಾಗಿಯೂ ಕಲಿತಿದ್ದಳು.

"ಬಂದ್ಯಾ ಮೌನಗೌರಿ? ಕೂತ್ಕೋ," ಎಂದಳು ಚಿಕ್ಕಮ್ಮ. "ಇದರ ಹೊಟ್ಟೇಲಿ ನಿಮ್ಮ ಚಿಕ್ಕಪ್ಪನ ಬಸ್ ಆಟ ಇದೆ. ಬುಡಸಮೇತ ಕಿತ್ತು ಬಿಸಾಕು. ಎರಡು ಸಲ ಅಳಿಸಿದೀನಿ ನಾನು. ಎರಡು ಸಲಾನೂ ಗರಿಕೆ ಹಾಗೆ ಚಿಗುರಿದೆ."

ಚಿಕ್ಕಪ್ಪ ಒಳಕೋಣೆಯಲ್ಲಿ ಕೂತು ಹಿಂದಿನ ದಿನದ ಟೋಪಿಗಳ ಹಿಂಬದಿಯಲ್ಲಿ ಕಸೂತಿಯ ಆಸರೆಗೆ ಹಾಕಿದ್ದ ಕಾಗದ ಕತ್ತರಿಸುತ್ತಿದ್ದ. ಕತ್ತರಿಯ ಸದ್ದು ಒಮ್ಮೆ ನಿಂತು ಮತ್ತೆ ಶುರುವಾಯಿತು.

ಚಿಕ್ಕಪ್ಪನ ಬಸ್ಸಿನ ಕತೆ ನೆಂಟರಿಗೆಲ್ಲ ಬಾಯಿಪಾಠ. ಡೀಸೆಲ್ ವಾಸನೆ ಮೂಗಿಗೆ ಬಡಿದರೆ ಸಾಕು, ಅವನ ಹೊಟ್ಟೆ ತೊಳಸುತ್ತಿತ್ತು. ಮಾತ್ರೆ ನುಂಗಿ, ನಿಂಬೆಹಣ್ಣು ಮೂಸಿ, ಕಿಟಕಿ ಪಕ್ಕ ಕೂತು, ಎಲ್ಲ ಪ್ರಯೋಗವೂ ಆಗಿತ್ತು. ಕೊನೆಗೆ ಸೈಕಲ್ ಹೋದಷ್ಟು ದೂರವೇ ತನ್ನ ಲೋಕ ಎಂದು ಒಪ್ಪಿಕೊಂಡಿದ್ದ. ಅಂಥವನಿಗೆ ಪಕ್ಕದ ಫೋಟೋ ಸ್ಟುಡಿಯೋದವನು ಪೆನ್‌ಡ್ರೈವಿನಲ್ಲಿ ಬಸ್ ಓಡಿಸುವ ಆಟವೊಂದನ್ನು ಕೊಟ್ಟಿದ್ದ. ಮಧ್ಯಾಹ್ನ ಚಿಕ್ಕಮ್ಮ ಮನೆಗೆ ಹೋಗಿ ಉಂಡು ಅರ್ಧ ಗಂಟೆ ಅಡ್ಡಾಗುವಾಗ ಚಿಕ್ಕಪ್ಪ ಡ್ರೈವರ್ ಆಗುತ್ತಿದ್ದ. "ಕೂರೋಕಾಗದವರು ಓಡಿಸ್ತಾರಂತೆ" ಎಂದು ಚಿಕ್ಕಮ್ಮ ಬಂದ ಗಿರಾಕಿಗಳಿಗೆಲ್ಲ ಹೇಳಿ ನಗಿಸುತ್ತಿದ್ದಳು. ಅವನೂ ನಗುತ್ತಿದ್ದ.

ಚಿಕ್ಕಮ್ಮ ಜೇಬುಗಳಿಗೆ ಗುರುತು ಹಾಕಲು ಮುಂದಿನ ಮೇಜಿಗೆ ಹೋದ ಕೂಡಲೇ ಅವನು ಬೆಕ್ಕಿನ ಹೆಜ್ಜೆಯಲ್ಲಿ ಬಂದು ಕುರ್ಚಿಯ ಹಿಂದೆ ನಿಂತ. ಕೈಯಲ್ಲಿ ನೆಪಕ್ಕೊಂದು ದಾರದ ಉಂಡೆ.

"ಏನಾದ್ರೂ ಮಾಡಿ ಅದೊಂದನ್ನ ಉಳಿಸಮ್ಮ. ಇನ್ನೆರಡು ನಕ್ಷತ್ರ ಬಂದ್ರೆ ಬೆಟ್ಟದ ರೂಟ್ ಕೊಡ್ತಾರೆ. ಮೊದಲನೇ ಸಲ ಅಲ್ಲೀತನಕ ಹೋಗಿದ್ದೆ. ಆಮೇಲೆ ಎಲ್ಲ ಹೋಯ್ತು." ಅವನು ಬಾಗಿಲ ಕಡೆ ನೋಡಿದ. "ಮತ್ತೆ ಮಾರ್ಕೆಟ್ ಸ್ಟಾಪಿಂದ ಶುರು ಮಾಡು ಅಂದ್ರೆ ಇನ್ನು ನನ್ನಿಂದಾಗಲ್ಲ."

ಅವಳು ತಲೆಯಾಡಿಸಿದಳು. ಯಾವುದಕ್ಕೆ ತಲೆಯಾಡಿಸಿದೆ ಎಂದು ಅವಳಿಗೇ ಗೊತ್ತಿರಲಿಲ್ಲ. ಒಬ್ಬರು ಕೀಳು ಅಂದಿದ್ದರು, ಇನ್ನೊಬ್ಬರು ಉಳಿಸು ಅಂದಿದ್ದರು. ಅತ್ತ ದರಿ, ಇತ್ತ ಪುಲಿ.

ಹಾಕಿಕೊಂಡ ಪ್ರೋಗ್ರಾಂಗಳ ಪಟ್ಟಿ ತೆರೆದಳು. ಬಸ್ ಆಟ ಒಂದೇ ಸಾಲಿನಲ್ಲಿತ್ತು: ಮೂವತ್ತೆರಡು ಜಿಬಿ. ದೊಡ್ಡದೇ, ಆದರೆ ಲೆಕ್ಕ ಕೂಡಲಿಲ್ಲ. ಕಸೂತಿಯ ಡಿಸೈನುಗಳೆಲ್ಲ ಸೇರಿದರೂ ಒಂದು ಜಿಬಿ ದಾಟುವುದಿಲ್ಲ. ಹಾಗಾದರೆ ಇಷ್ಟು ದೊಡ್ಡ ಡಿಸ್ಕನ್ನು ತಿಂದವರು ಯಾರು? ಪಟ್ಟಿಯನ್ನು ಬಿಟ್ಟು ಒಂದೊಂದೇ ಫೋಲ್ಡರಿನ ಮೇಲೆ ಮೌಸಿನ ಬಲಗುಂಡಿ ಒತ್ತಿ ತೂಕ ನೋಡುತ್ತ ಹೋದಳು. 'ಡಿ' ಡ್ರೈವಿನಲ್ಲಿ, ಹಳೆಯ ಬಿಲ್ಲುಗಳ ಫೋಲ್ಡರಿನ ಕೆಳಗೆ, ಒಂದು 'ಬಸ್'. ಅದರ ಕೆಳಗೆ 'ಬಸ್ ಎರಡು'. ಡಿಸೈನುಗಳ ನಡುವೆ ಅವಿತು ಕೂತಂತೆ 'ಬಸ್ ಹೊಸದು'. ಮೂರೂ ಒಂದೇ ತೂಕ, ಒಂದೇ ರೂಪ. ತ್ರಿವಳಿ ಮಕ್ಕಳು.

ಇದೇನು ಚಿಕ್ಕಪ್ಪ ಎಂಬಂತೆ ತಿರುಗಿ ನೋಡಿದಳು. ಅವನು ಪಿಸುದನಿಯಲ್ಲಿ ವಿವರಿಸಿದ. ಪರದೆಯ ಮೇಲಿನ ಬಸ್ಸಿನ ಚಿತ್ರ ಮಾಯವಾದಾಗಲೆಲ್ಲ ಚಿಕ್ಕಮ್ಮ ಅಳಿಸಿದ್ದಾಳೆಂದು ಅವನಿಗೆ ಗೊತ್ತಾಗುತ್ತಿತ್ತು. ಎರಡು ದಿನ ಸುಮ್ಮನಿದ್ದು ಮತ್ತೆ ಪೆನ್‌ಡ್ರೈವ್ ಚುಚ್ಚುತ್ತಿದ್ದ. ಈ ಹೆಸರಿನ ಫೋಲ್ಡರ್ ಆಗಲೇ ಇದೆ, ಅದರಲ್ಲೇ ಹಾಕಲೇ ಎಂದು ಕಂಪ್ಯೂಟರು ಕೇಳುತ್ತಿತ್ತು. ಬೇರೆಯವರು ಕೂತ ಸೀಟಿನಲ್ಲಿ ಕೂರುವುದೇಕೆ ಎಂದು 'ಬೇಡ' ಒತ್ತಿ ಹೊಸ ಹೆಸರು ಕೊಡುತ್ತಿದ್ದ.

ಅವಳಿಗೆ ಎಲ್ಲವೂ ಒಮ್ಮೆಲೇ ಅರ್ಥವಾಯಿತು. ಚಿಕ್ಕಮ್ಮ ಅಳಿಸಿದ್ದು ಪರದೆಯ ಮೇಲಿನ ಪುಟ್ಟ ಚಿತ್ರವನ್ನು. ಜಿರಲೆಯನ್ನು ಮೀಸೆ ಹಿಡಿದು ಎತ್ತುವಂತೆ ಅದನ್ನು ಎಳೆದು ಕಸದಬುಟ್ಟಿಗೆ ಹಾಕಿ, ಕೆಲಸ ಮುಗಿಯಿತೆಂದು ಕೈ ಕೊಡವಿದ್ದಳು. ಬಸ್ಸು ಡಿಪೋದಲ್ಲಿ ಹಾಗೇ ನಿಂತಿತ್ತು. ಚಿಕ್ಕಪ್ಪ ಅದು ಹೋಯಿತೆಂದು ನಂಬಿ ಇನ್ನೊಂದು ಬಸ್ಸು ತಂದು ಮಾರ್ಕೆಟ್ ಸ್ಟಾಪಿನಿಂದ ಹೊಸದಾಗಿ ಹೊರಟಿದ್ದ. ಇಷ್ಟೆಲ್ಲ ನಡೆದರೂ ಇಬ್ಬರೂ ಇದರ ಬಗ್ಗೆ ಒಬ್ಬರಿಗೊಬ್ಬರು ತುಟಿಪಿಟಕ್ಕೆಂದಿರಲಿಲ್ಲ.

ಮೊದಲ 'ಬಸ್' ಫೋಲ್ಡರನ್ನು ತೆರೆದಳು. ಈ ಆಟ ತನ್ನ ನೆನಪನ್ನು ತನ್ನ ಮನೆಯೊಳಗೇ ಇಟ್ಟುಕೊಳ್ಳುವ ಹಳೇ ಕಾಲದ್ದು. ಒಳಗೊಂದು ಸೇವ್ ಫೋಲ್ಡರು, ಅದರಲ್ಲಿ ಒಂದು ಫೈಲು, ಅದರ ಮುಂದೆ ತಾರೀಕು. ಎರಡು ವರ್ಷ ಹಿಂದಿನದು.

"ಚಿಕ್ಕಪ್ಪ, ಮೊದಲನೇದು ಇದೆ."

"ಯಾವ ಮೊದಲನೇದು?"

"ಬೆಟ್ಟದ್ದು."

ಅವನು ಕೈಯಲ್ಲಿದ್ದ ದಾರದ ಉಂಡೆಯನ್ನು ಸುತ್ತತೊಡಗಿದ. ಅದು ಆಗಲೇ ಸುತ್ತಿದ್ದ ಉಂಡೆ.

ಅಷ್ಟರಲ್ಲಿ ಚಿಕ್ಕಮ್ಮ ಸೀಮೆಸುಣ್ಣ ಹಿಡಿದುಕೊಂಡೇ ಒಳಗೆ ಬಂದು ಹನ್ನೆರಡೂವರೆ ಆಯಿತು ಎಂದಳು. ಒಂದು ಆಟ ಅಳಿಸೋಕೆ ಇಷ್ಟು ಹೊತ್ತೇ, ಜರುಗು, ನಾನೇ ಅಳಿಸುತ್ತೇನೆ ಎಂದು ಮೌಸಿಗೆ ಕೈ ಹಾಕಿದಳು. ಮೂರೂ ಫೋಲ್ಡರುಗಳು ಒಟ್ಟಿಗೇ ಕಣ್ಣೆದುರು ಇದ್ದವು. ಅಕ್ಕನ ಮಗಳು ಮೌಸಿನ ಮೇಲಿದ್ದ ತನ್ನ ಕೈ ತೆಗೆಯಲಿಲ್ಲ. ಇಪ್ಪತ್ತೆರಡು ವರ್ಷದಲ್ಲಿ ದೊಡ್ಡವರ ಕೈಗೆ ಅಡ್ಡ ಬಂದದ್ದು ಇದೇ ಮೊದಲು.

"ನೀವು ಅಳಿಸಿದ್ದು ಬಾಗಿಲ ಮೇಲಿನ ಬೋರ್ಡು, ಚಿಕ್ಕಮ್ಮ. ಮನೆ ಒಳಗೇ ಇತ್ತು. ಬೋರ್ಡ್ ಇಲ್ಲ ಅಂತ ಚಿಕ್ಕಪ್ಪ ಪಕ್ಕದಲ್ಲೇ ಇನ್ನೊಂದು ಮನೆ ಕಟ್ಟಿದ್ರು. ಹೀಗೆ ಮೂರಾಗಿವೆ. ಎರಡು ತೆಗೆದ್ರೆ ನಿಮಗೆ ಬೇಕಾದಷ್ಟು ಜಾಗ. ಒಂದು ಇರಲಿ. ಅದರಲ್ಲಿ ಅವರು ಬೆಟ್ಟ ಹತ್ತಿದ್ದು ಇದೆ."

ಅವಳು ಒಂದೇ ಉಸಿರಿಗೆ ಇಷ್ಟು ಮಾತಾಡಿದ್ದನ್ನು ಆ ಅಂಗಡಿಯಲ್ಲಿ ಯಾರೂ ಕೇಳಿರಲಿಲ್ಲ. ಚಿಕ್ಕಮ್ಮ ಕೈ ಹಿಂದಕ್ಕೆ ತೆಗೆದುಕೊಂಡು ಗಂಡನ ಕಡೆ ತಿರುಗಿದಳು.

"ಪ್ರತಿ ಸಲಾನೂ ಮೊದಲಿಂದ ಶುರು ಮಾಡಿದ್ರಾ?"

"ಹೂಂ."

"ಯಾಕೆ ಅಳಿಸಿದೆ ಅಂತ ನನ್ನ ಕೇಳೋಕೇನಾಗಿತ್ತು ನಿಮಗೆ?"

"ಕೇಳಿದ್ರೆ ನೀನು ಬೇಡ ಅಂತಿದ್ದೆ," ಎಂದ ಚಿಕ್ಕಪ್ಪ. "ಬೇಡ ಅಂದಮೇಲೆ ಹಾಕಿದ್ರೆ ಜಗಳ. ಕೇಳದೆ ಹಾಕಿದ್ರೆ ಬರೀ ಆಟ."

ಚಿಕ್ಕಮ್ಮ ಗಡಿಯಾರ ನೋಡಿದಳು. ಏನು ಮಾಡ್ತೀಯೋ ಮಾಡು, ಒಂದೂವರೆಗೆ ಮಷೀನ್ ಓಡಬೇಕು ಎಂದು ಹೇಳಿದಳು, ಆದರೆ ಹೊರಗೆ ಹೋಗಲಿಲ್ಲ.

ಮೂರು ಸಣ್ಣ ಸೇವ್ ಫೈಲುಗಳನ್ನೂ ಅಕ್ಕನ ಮಗಳು ಮೊದಲು ಪೆನ್‌ಡ್ರೈವಿಗೆ ನಕಲು ಮಾಡಿಕೊಂಡಳು. ಆಮೇಲೆ 'ಬಸ್ ಎರಡು' ಹೋಯಿತು. 'ಬಸ್ ಹೊಸದು' ಅಳಿಸುವ ಮೊದಲು ಚಿಕ್ಕಪ್ಪನ ಮುಖ ನೋಡಿದಳು. ಎಂಟು ತಿಂಗಳ ಓಡಾಟ ಅದರಲ್ಲಿತ್ತು. ಹೋಗಲಿ ಎಂದು ಅವನು ಕೈಯಾಡಿಸಿದ. ಎರಡೂ ಹೋದವು, ಆದರೆ ಜಾಗ ಒಂದು ಕೂದಲಿನಷ್ಟೂ ಹೆಚ್ಚಲಿಲ್ಲ. ಚಿಕ್ಕಮ್ಮ ಎದೆಯ ಮೇಲೆ ಕೈ ಇಟ್ಟುಕೊಂಡಳು. ಕಸದಬುಟ್ಟಿಗೆ ಹಾಕಿದ್ದೂ ಮನೆಯೊಳಗಿನ ಕಸವೇ, ಹೊರಗೆ ಸುರಿದು ಬರಬೇಕು ಎಂದು ಅಕ್ಕನ ಮಗಳು ಬುಟ್ಟಿ ಖಾಲಿ ಮಾಡಿದಳು. ಹಸಿರು ಗೆರೆ ಊದಿದ ಬೆಲೂನಿನಂತೆ ಉದ್ದವಾಗುತ್ತ ಹೋಗಿ ಮುಗಿಯಿತು. ಅರವತ್ತನಾಲ್ಕು ಜಿಬಿ ಖಾಲಿ. ಲಾಂಛನ ಮರುಮಾತಿಲ್ಲದೆ ಸೇವ್ ಆಯಿತು. ಒಂದೂ ಹತ್ತಕ್ಕೆ ಮೊದಲ ಫ್ರೇಮು ಮಷೀನಿಗೆ ಏರಿ ಸೂಜಿ ಟಕಟಕನೆ ಓಡತೊಡಗಿತು.

ಸೂಜಿ ಓಡುವಾಗ ಕಂಪ್ಯೂಟರಿಗೆ ಕೆಲಸವಿಲ್ಲ. ಹಾಗೆಂದು ಯಾರೂ ಹೇಳಲಿಲ್ಲ, ಮೂವರಿಗೂ ಗೊತ್ತಿತ್ತು. ಅಕ್ಕನ ಮಗಳು ಹಳೆಯ ಫೋಲ್ಡರಿನೊಳಗಿಂದಲೇ ಆಟವನ್ನು ಒತ್ತಿದಳು. ಪರದೆ ಕಪ್ಪಾಯಿತು. ಕಪ್ಪಾಗಿಯೇ ಉಳಿಯಿತು. ಹಾಳಾಗಿಹೋಗಿರಬಹುದು ಎಂದು ಅವಳು ಹೇಳುವವಳಿದ್ದಳು. ಅಷ್ಟರಲ್ಲಿ ಬೆಳಕು ಬಂತು.

ಕಡಿದಾದ ರಸ್ತೆ, ಒಂದು ಪಕ್ಕ ಬಂಡೆ, ಇನ್ನೊಂದು ಪಕ್ಕ ಕಂದಕ. ತಿರುವಿನ ನಡುವೆ ಹಸಿರು ಬಸ್ಸೊಂದು ಕೈಬ್ರೇಕ್ ಹಾಕಿ ನಿಂತಿತ್ತು. ಸೀಟುಗಳ ತುಂಬ ಜನ.

"ಇವರೆಲ್ಲ ಎರಡು ವರ್ಷದಿಂದ ಇಲ್ಲೇ ಕೂತಿದಾರಾ?" ಎಂದಳು ಚಿಕ್ಕಮ್ಮ.

"ನಿಲ್ಲಿಸಿ ಊಟಕ್ಕೆ ಹೋಗಿದ್ದೆ," ಎಂದ ಚಿಕ್ಕಪ್ಪ. "ವಾಪಸ್ ಬರೋ ಹೊತ್ತಿಗೆ ಚಿತ್ರ ಇರಲಿಲ್ಲ."

ಚಿಕ್ಕಮ್ಮ ಗುಂಡಿಯ ಡಬ್ಬಿಗಳನ್ನು ಪಕ್ಕಕ್ಕೆ ಸರಿಸಿ ಸ್ಟೂಲು ಎಳೆದುಕೊಂಡಳು.

"ಫ್ರೇಮ್ ಮುಗಿಯೋಕೆ ಇನ್ನೂ ಇಪ್ಪತ್ತು ನಿಮಿಷ ಇದೆ. ಪಾಪ, ಅಷ್ಟರಲ್ಲಿ ಇವರನ್ನ ಇಳಿಸಿಬಿಡಿ."

ಅವನು ಕೂತು ಕೈಬ್ರೇಕ್ ತೆಗೆದ. ಬಸ್ಸು ಒಂದು ಮಾರು ಹಿಂದಕ್ಕೆ ಜಾರಿತು. ಹಿಂದೆ ಹೋಗ್ತಿದೆ ರೀ ಎಂದಳು ಚಿಕ್ಕಮ್ಮ. ಗೊತ್ತು ಎಂದ ಅವನು. ಎಂಜಿನ್ ಗುರುಗುಟ್ಟಿತು, ಬಸ್ಸು ಮುಂದಕ್ಕೆ ತೆವಳಿತು, ತಿರುವು ದಾಟಿತು, ಅದರಾಚೆ ಇನ್ನೊಂದು ತಿರುವು.

ಹೊರಗೆ ಮಷೀನು ನಿಂತು ಕೂಗಿತು. ಬಿಳಿ ದಾರದ ಕೆಲಸ ಮುಗಿದರೆ ಮುಂದಿನ ಬಣ್ಣದ ದಾರ ಕೇಳಿ ಅದು ಹಾಗೆ ಕೂಗುತ್ತದೆ, ಕೂಗಿದ ಕೂಡಲೇ ಚಿಕ್ಕಮ್ಮ ಏಳುತ್ತಾಳೆ, ಬೇರೆಯವರಿಗೆ ಮುಟ್ಟಲು ಬಿಡುವುದಿಲ್ಲ.

"ನೀನೇ ಹಾಕು ಕಣೇ, ಕೆಂಪು," ಎಂದಳು ಚಿಕ್ಕಮ್ಮ ಅಕ್ಕನ ಮಗಳಿಗೆ, ಪರದೆಯಿಂದ ಕಣ್ಣು ಕೀಳದೆ. "ಇಲ್ಲಿ ಎದುರಿಂದ ಲಾರಿ ಬರ್ತಿದೆ."