ನನ್ನ ಸಾವಿಗೆ ನಾನು ಹೋದದ್ದು

ಕ್ಯೋಟೋದ ಸ್ಟುಡಿಯೋದಲ್ಲಿ ಇಪ್ಪತ್ತೆರಡು ವರ್ಷ ನಾನು ಮಾಡಿದ್ದು ಒಂದೇ ಕೆಲಸ, ಸಾಯುವುದು. ಗೂಂಡಾ ಚಿತ್ರಗಳಲ್ಲಿ ಹೀರೋ ಗುಂಡು ಹಾರಿಸಿದರೆ ಬೀಳುವವನೊಬ್ಬ ಬೇಕಲ್ಲ, ಅವನು ನಾನು, ಸೆಗಾವಾ ಕನೆಕಿಚಿ. ಬೀಳುವುದಕ್ಕೂ ಕಟ್ಟುಪಾಡಿದೆ: ಕೊಂದವನ ಮುಖ ಕಾಣಬೇಕು, ಸತ್ತವನ ಬೆನ್ನು ಕಾಣಬೇಕು. ನನ್ನ ಬೆನ್ನನ್ನು ಜಪಾನಿನ ಊರೂರೂ ನೋಡಿದೆ.

ನನ್ನನ್ನು ಸಾಕಿದ ಅಕ್ಕ ತೊಮಿ ಮೈಝುರುವಿನಲ್ಲಿದ್ದಾಳೆ. ಪ್ರತಿ ಚಿತ್ರಕ್ಕೂ ಹೋಗಿಬಂದು ಕಾಗದ ಬರೆಯುತ್ತಿದ್ದಳು, ‘ಈ ಸಲವೂ ನೀನು ಕಾಣಲಿಲ್ಲ’ ಎಂದು. ಹೆಂಡತಿ ಮಕ್ಕಳಿಲ್ಲದ ನನಗೆ ಬರುತ್ತಿದ್ದ ಕಾಗದ ಅದೊಂದೇ. ಆ ಚಳಿಗಾಲ ಅವಳ ಕಣ್ಣು ಮಂಜಾಗತೊಡಗಿತು, ಡಾಕ್ಟರೂ ಕೈಚೆಲ್ಲಿದರು. ಪೂರ್ತಿ ಹೋಗುವುದರೊಳಗೆ ಒಂದು ಸಲ, ಒಂದೇ ಸಲ, ನನ್ನ ಮುಖವನ್ನು ತೆರೆಯ ಮೇಲೆ ಅವಳಿಗೆ ತೋರಿಸಬೇಕೆಂಬ ಹಟ ನನಗೆ ಹತ್ತಿತು.

ಅಷ್ಟರಲ್ಲಿ ಸಹಾಯಕ ನಿರ್ದೇಶಕ ಹತಾನಾಕಾ ಹುಡುಕಿಕೊಂಡು ಬಂದ. ಗ್ಯಾಂಗಿನ ಹಳೆಯ ಯಜಮಾನ ಸತ್ತ ದೃಶ್ಯದಲ್ಲಿ, ಅಳುವವರ ಮುಂದಿಡಲು ಸತ್ತವನದೊಂದು ಫೋಟೊ ಬೇಕಾಗಿತ್ತಂತೆ.

“ಸೆಗಾವಾ ಅವ್ರೇ, ನಿಮ್ಮ ಮುಖದಲ್ಲಿ ಒಳ್ಳೇ ಪ್ರೇತಕಳೆ ಇದೆ ಕಣ್ರಿ!”

“ಇರದೇ ಏನಪ್ಪಾ, ಇಪ್ಪತ್ತೆರಡು ವರ್ಷದ ಅನುಭವ,” ಎಂದೆ.

ಫೋಟೊ ತೆಗೆದರು. ಅಪಶಕುನ ತಟ್ಟದಿರಲೆಂದು ಪದ್ಧತಿಯಂತೆ ನನ್ನ ಭುಜಕ್ಕೆ ಉಪ್ಪು ಎರಚಿದರು. ಕಪ್ಪು ರಿಬ್ಬನ್ನು ಕಟ್ಟಿದ ಚೌಕಟ್ಟಿನಲ್ಲಿ ನನ್ನ ಮುಖ ಮೊರದಗಲವಾಗಿತ್ತು. ಅಂದೇ ಅಕ್ಕನಿಗೆ ಬರೆದೆ, ‘ಈ ಸಲ ಕಾಣುತ್ತೇನೆ’ ಎಂದು.

ಚಿತ್ರೀಕರಣದ ದಿನ ನೋಡಿದರೆ, ಕೆಲಸ ಹಂಚುವ ಹಲಗೆಯ ಮೇಲೆ ‘ಅಳುವವರು’ ಪಟ್ಟಿಯಲ್ಲೂ ನನ್ನ ಹೆಸರಿತ್ತು. ನಮ್ಮಂಥವರಿಗೆ ಹಲಗೆ ಹೇಳಿದ್ದೇ ವೇದವಾಕ್ಯ. ಕಪ್ಪು ಕಿಮೊನೊ ತೊಟ್ಟು ಸಾಲಿನಲ್ಲಿ ಕುಳಿತೆ.

“ಅಯ್ಯಯ್ಯೋ, ಸತ್ತೋರು ತಮ್ಮ ಸಾವಿಗೆ ತಾವೇ ಬಂದ್ಬಿಟ್ಟಿದ್ದಾರಲ್ರೋ!” ಕ್ಯಾಮೆರಾ ಪಕ್ಕದಿಂದ ಹತಾನಾಕಾ ಕೂಗಿದ. “ಏಳ್ರಿ, ಏಳ್ರಿ, ಆಚೆ ನಡೀರಿ!”

ನೂರು ಜನ ಗೊಳ್ಳೆಂದು ನಕ್ಕರು. ನಾನೂ ನಕ್ಕೆ. ಹೊರಗೆ ಬಂದು ಬಾಗಿಲ ಹಿಂದೆ ನಿಂತೆ. ಒಳಗೆ ಹೀರೋ ನನ್ನ ಫೋಟೊ ಮುಂದೆ ಗೋಳಾಡಿದ, ನೂರು ಜನವೂ ಗೋಳಾಡಿದರು. ಅದೆಲ್ಲ ಕೂಲಿಯ ಅಳು ಎಂದು ನನಗಿಂತ ಚೆನ್ನಾಗಿ ಬಲ್ಲವರಾರು? ಆದರೂ, ನಾನು ನಿಜವಾಗಿ ಸತ್ತ ದಿನ ಇಷ್ಟು ಅಳುವೂ ಸಿಗದಲ್ಲ ಎನಿಸಿತು.

ಚಿತ್ರ ಮೈಝುರುವಿಗೆ ಬಂದಾಗ ನಾನೇ ಹೋಗಿ ಅಕ್ಕನನ್ನು ಮೊದಲ ಸಾಲಿನಲ್ಲಿ ಕೂರಿಸಿದೆ. ಫೋಟೊ ಬಂತು. ತೆರೆಯ ತುಂಬ ನಾನೇ. ಅಕ್ಕ ಮುಂದಕ್ಕೆ ಬಾಗಿ ನೋಡಿದಳು, ಕೈ ಜೋಡಿಸಿದಳು. ಆಮೇಲೆ ಅಳತೊಡಗಿದಳು, ಥಿಯೇಟರಿನವರೆಲ್ಲ ನಮ್ಮ ಕಡೆ ತಿರುಗುವಷ್ಟು ಜೋರಾಗಿ.

“ಅಕ್ಕಾ, ಇಲ್ಲೇ ಇದೀನಲ್ಲೇ, ನಿನ್ನ ಪಕ್ಕದಲ್ಲೇ! ಅದು ಬರೀ ಸಿನಿಮಾ.”

“ಗೊತ್ತು ಕಣೋ. ಕಣ್ಣು ಹೋಗ್ತಿದೆ, ಬುದ್ಧಿ ಹೋಗಿಲ್ಲ,” ಎಂದಳು ಮೂಗೊರೆಸಿಕೊಳ್ಳುತ್ತಾ. “ನಿನಗಿಂತ ಮುಂಚೆ ಹೋಗೋಳು ನಾನು. ಆಮೇಲೆ ನಿನಗೋಸ್ಕರ ಅಳೋರು ಯಾರಿದಾರೆ? ಈಗ್ಲೇ ಅತ್ತುಬಿಡ್ತೀನಿ, ಸುಮ್ನಿರು.”

ಅವಳು ಅತ್ತು ಮುಗಿಸಲೆಂದು ನನ್ನ ಕರವಸ್ತ್ರವನ್ನು ಅವಳ ಕೈಗಿಟ್ಟೆ.